ದೊಡ್ಡ ಕಥನಕಾವ್ಯದ ಋಣ

ಟರ್ಕಿಯ ಕವಿ ನಾಜಿಮ್ ಹಿಕ್ಮತ್ (1902–1963) ಭಾರತದ ಓದುಗರಿಗೆ ಪರಿಚಯವಾದದ್ದು ಹೆಚ್ಚಾಗಿ ಅವನ ಚಿಕ್ಕ ಕವಿತೆಗಳ ಮೂಲಕ. ಜೈಲಿನಿಂದ ಹೆಂಡತಿಗೆ ಬರೆದ ಪದ್ಯಗಳು, ಹಿರೋಶಿಮಾದಲ್ಲಿ ಸತ್ತ ಮಗುವಿನ ದನಿಯಲ್ಲಿ ಬರೆದ ಹಾಡು, ಇಂಥವು. ಬಂಗಾಳಿಯಲ್ಲಿ ಸುಭಾಷ್ ಮುಖೋಪಾಧ್ಯಾಯ, ಉರ್ದುವಿನಲ್ಲಿ ಫೈಜ್ ಅಹ್ಮದ್ ಫೈಜ್ ಅವನನ್ನು ತಮ್ಮ ಭಾಷೆಗೆ ತಂದರು. ಅವನ ಬದುಕೂ ಕವಿತೆಗಳ ಜೊತೆಗೇ ಬಂತು. 1938ರಲ್ಲಿ ಸೇನಾ ನ್ಯಾಯಾಲಯಗಳು ಅವನಿಗೆ ಒಟ್ಟು 28 ವರ್ಷಗಳ ಸೆರೆವಾಸ ವಿಧಿಸಿದವು. ಲೋಕದ ಲೇಖಕರೆಲ್ಲ ದನಿಯೆತ್ತಿ, ಅವನೇ ಉಪವಾಸ ಕೂತ ಮೇಲೆ 1950ರಲ್ಲಿ ಬಿಡುಗಡೆಯಾಯಿತು. ಮರುವರ್ಷ ದೇಶ ಬಿಟ್ಟ, ಸರ್ಕಾರ ಪೌರತ್ವ ಕಿತ್ತುಕೊಂಡಿತು, ಮಾಸ್ಕೋದಲ್ಲಿ ತೀರಿಕೊಂಡ. ಪೌರತ್ವವನ್ನು ಮರಳಿ ಕೊಟ್ಟದ್ದು 2009ರಲ್ಲಿ, ಅವನು ಸತ್ತು ಸುಮಾರು 46 ವರ್ಷ ಕಳೆದ ಮೇಲೆ. ಇಂಥ ಬದುಕಿನ ಮುಂದೆ ನಿಂತಾಗ ಓದುಗನ ಗಮನವೆಲ್ಲ ಕವಿಯ ಧೈರ್ಯದ ಮೇಲೆ ನಿಲ್ಲುವುದು ಸಹಜ. ಆದರೆ ಅವನ ಸಾಹಿತ್ಯಕ ಪ್ರಭಾವದ ಬಗ್ಗೆ ಯೋಚಿಸುವಾಗ ಈ ಚಿಕ್ಕ ಕವಿತೆಗಳಷ್ಟನ್ನೇ ಹಿಡಿದರೆ ಲೆಕ್ಕ ತಪ್ಪುತ್ತದೆ. ಹಿಕ್ಮತ್ ತನ್ನ ಭಾಷೆಯ ಸಾಹಿತ್ಯವನ್ನು ಆಳದಲ್ಲಿ ಬದಲಿಸಿದ್ದು ತನ್ನ ದೀರ್ಘ ಕಥನಕಾವ್ಯಗಳಿಂದ, ಮತ್ತು ಆ ಬದಲಾವಣೆ ಎದ್ದು ಕಂಡದ್ದು ಅವನ ನಂತರದ ಕಾದಂಬರಿಗಳಲ್ಲಿ. ದೊಡ್ಡ ಕಥನಕಾವ್ಯದ ಪ್ರಭಾವವನ್ನು ಕವಿತೆಗಳಲ್ಲಿ ಮಾತ್ರ ಹುಡುಕಬಾರದು, ಗದ್ಯದಲ್ಲಿ ಮತ್ತು ರಂಗಭೂಮಿಯಲ್ಲಿ ಹುಡುಕಬೇಕು ಎಂಬುದು ನನ್ನ ವಾದ. ಇದಕ್ಕೆ ಬಲವಾದ ಸಾಕ್ಷಿ ಕೊಳ್ಳೇಗಾಲ, ಹನೂರು, ಯಳಂದೂರಿನ ಸೀಮೆಯಲ್ಲಿದೆ. ಅಲ್ಲಿನ ನೀಲಗಾರರು ಮತ್ತು ದೇವರಗುಡ್ಡರು ಹಾಡುವ ಮಂಟೇಸ್ವಾಮಿ, ಮಾದೇಶ್ವರ ಕಾವ್ಯಗಳು ಆಧುನಿಕ ಕನ್ನಡಕ್ಕೆ ಏನು ಕೊಟ್ಟಿವೆ ಎಂಬುದನ್ನು ತಿಳಿಯಲು ಹಿಕ್ಮತ್ ಒಂದು ದಾರಿ ತೋರಿಸುತ್ತಾನೆ.

ಮೊದಲು ಅವನ ಕಾವ್ಯ. ಹಿಕ್ಮತ್ ಇಪ್ಪತ್ತರ ಹರೆಯದಲ್ಲಿ ಮಾಸ್ಕೋಗೆ ಹೋಗಿ ಓದಿದವನು. ಅಲ್ಲಿಂದ ಮುಕ್ತಛಂದಸ್ಸನ್ನೂ ಯಂತ್ರಯುಗದ ಅಬ್ಬರವನ್ನೂ ತಂದ. 1929ರಲ್ಲಿ ಟರ್ಕಿಯಲ್ಲಿ ಹೊರಬಂದ ಮೊದಲ ಸಂಕಲನದಲ್ಲಿ ಅಲ್ಲಿನ ಓದುಗರು ಕಂಡದ್ದು ಹಳೆಯ ದರ್ಬಾರಿ ಕಾವ್ಯವನ್ನು ಒದ್ದು ಎಬ್ಬಿಸುವ ದನಿಯನ್ನು. 1932ರಲ್ಲಿ ಅವನು ಬರೆದ ಒಂದು ಕಥನಕಾವ್ಯದ ನಾಯಕ ಕಲ್ಕತ್ತೆಯ ಕ್ರಾಂತಿಕಾರಿ, ಹೆಸರು ಬ್ಯಾನರ್ಜಿ. ಭಾರತವನ್ನು ಕಣ್ಣಲ್ಲಿ ಕಾಣದ ಕವಿ ಬ್ರಿಟಿಷ್ ಆಳ್ವಿಕೆಯ ವಿರುದ್ಧ ಹೀಗೆ ಬರೆದದ್ದು ನಮಗೆ ಅಭಿಮಾನದ ಸಂಗತಿಯೇ. ಆದರೂ ಅದರಲ್ಲಿ ಸಿದ್ಧಾಂತ ಮುಂದೆ, ಮನುಷ್ಯರು ಹಿಂದೆ. ನಿಜವಾದ ತಿರುವು ಬಂದದ್ದು 1936ರಲ್ಲಿ ಪ್ರಕಟವಾದ ಶೇಖ್ ಬೆದ್ರೆದ್ದೀನನ ಕಥನದಲ್ಲಿ. ಅವನು ಬದುಕಿರುವಾಗ ಟರ್ಕಿಯಲ್ಲಿ ಹೊರಬಂದ ಅವನ ಕೊನೆಯ ಕವಿತಾ ಪುಸ್ತಕ ಅದು. ಬೆದ್ರೆದ್ದೀನ್ ಹದಿನೈದನೆಯ ಶತಮಾನದ ಆರಂಭದ ಧರ್ಮಶಾಸ್ತ್ರಜ್ಞ, ಸೂಫಿ. ಅವನ ಶಿಷ್ಯ ಬೋರ್ಕ್ಲೂಜೆ ಮುಸ್ತಫಾ ಏಜಿಯನ್ ಕಡಲ ದಂಡೆಯಲ್ಲಿ ತುರ್ಕಿ ರೈತರು, ಗ್ರೀಕ್ ನಾವಿಕರು, ಯಹೂದಿ ವ್ಯಾಪಾರಿಗಳನ್ನು ಒಟ್ಟುಗೂಡಿಸಿ, ಹೊಲ ಮನೆ ಎಲ್ಲವನ್ನೂ ಹಂಚಿಕೊಂಡು ಬದುಕೋಣ ಎಂದು ಸುಲ್ತಾನನ ವಿರುದ್ಧ ಎದ್ದ. ದಂಗೆಯನ್ನು ರಕ್ತದಲ್ಲಿ ಅಡಗಿಸಿದರು. ಬೆದ್ರೆದ್ದೀನನನ್ನು ಸೆರೆಸ್ ಪಟ್ಟಣದಲ್ಲಿ ಗಲ್ಲಿಗೇರಿಸಿದರು.

ಹಿಕ್ಮತ್ ಈ ಕಥೆಯನ್ನು ಕಟ್ಟಿದ ರೀತಿಯನ್ನು ಗಮನಿಸಬೇಕು. ಕಾವ್ಯ ಗದ್ಯದಲ್ಲಿ ಶುರುವಾಗುತ್ತದೆ. ಜೈಲಿನ ಕೋಣೆಯಲ್ಲಿ ಕೂತ ಕವಿ, ಬೆದ್ರೆದ್ದೀನನನ್ನು ಹೀಗಳೆದು ಒಬ್ಬ ಪ್ರಾಧ್ಯಾಪಕ ಬರೆದ ಪುಸ್ತಕವನ್ನು ಓದುತ್ತಿದ್ದಾನೆ. ಕಿಟಕಿಯಾಚೆ ಬೋರ್ಕ್ಲೂಜೆಯ ಶಿಷ್ಯನೊಬ್ಬ ಕಾಣಿಸಿಕೊಂಡು ಅವನನ್ನು ಐದು ಶತಮಾನಗಳ ಹಿಂದಕ್ಕೆ ಕರೆದೊಯ್ಯುತ್ತಾನೆ. ಮುಂದೆ ಪದ್ಯ ಬರುತ್ತದೆ, ಮತ್ತೆ ಗದ್ಯ, ನಡುವೆ ಹಳೆಯ ಹಾಡಿನ ಲಯ, ಹಳೆಯ ಚರಿತ್ರಕಾರರ ಮಾತು. ಸೋಲಿನ ಘಟ್ಟದಲ್ಲಿ ಕವಿ ತಾನು ನಂಬಿದ ಸಿದ್ಧಾಂತವನ್ನೇ ತಡೆದು ನಿಲ್ಲಿಸುತ್ತಾನೆ. ಈ ಸೋಲು ಅಂದಿನ ಸಾಮಾಜಿಕ, ಆರ್ಥಿಕ ಸ್ಥಿತಿಯ ಅನಿವಾರ್ಯ ಫಲ ಎಂದು ತಲೆಗೆ ಗೊತ್ತು, ಎದೆ ಮಾತ್ರ ಒಪ್ಪುತ್ತಿಲ್ಲ ಎಂಬರ್ಥದ ಮಾತು ಅಲ್ಲಿ ಬರುತ್ತದೆ. ಮುಕ್ತಾಯವನ್ನೂ ಅವನು ತನ್ನ ದನಿಯಲ್ಲಿ ಮಾಡುವುದಿಲ್ಲ. ಅಹ್ಮದ್ ಎಂಬ ಸಹಕೈದಿ ತನ್ನ ಬಾಲ್ಯದ ಕಥೆ ಹೇಳುತ್ತಾನೆ. ಬೆದ್ರೆದ್ದೀನ್ ಮರಳಿ ಬರುತ್ತಾನೆಂದು ಹಳ್ಳಿಯ ಜನ ಇನ್ನೂ ನಂಬಿದ್ದನ್ನು ಆ ಕಥೆಯಲ್ಲಿ ಕೇಳುತ್ತೇವೆ. ಪ್ರಾಧ್ಯಾಪಕನ ಪುಸ್ತಕದಿಂದ ಹೊರಟ ಕಾವ್ಯ ಹಳ್ಳಿಯ ನಂಬಿಕೆಗೆ ಬಂದು ಮುಟ್ಟುತ್ತದೆ. ಜನರಿಗಾಗಿ ಬರೆಯುತ್ತೇನೆ ಎಂದುಕೊಂಡಿದ್ದ ಕವಿ ಇಲ್ಲಿ ಜನರಿಗೆ ಮಾತು ಬಿಟ್ಟುಕೊಡುವುದನ್ನು ಕಲಿತ. ಜೈಲಿನಲ್ಲಿ 1941ರಿಂದ ಬರೆಯತೊಡಗಿದ, ಸುಮಾರು 17,000 ಪಂಕ್ತಿಗಳ ‘ನನ್ನ ನಾಡಿನ ಮಾನವ ಚಿತ್ರಗಳು’ ಕೃತಿಯಲ್ಲಿ ಇದೇ ವಿಧಾನ ಹಿಗ್ಗಿತು. ರೈಲು ನಿಲ್ದಾಣದ ಮೆಟ್ಟಿಲಿನ ಮೇಲೆ ಕೂತವರು, ಮೂರನೆಯ ದರ್ಜೆಯ ಡಬ್ಬಿಯಲ್ಲಿ ಕೈಕೋಳ ಹಾಕಿಸಿಕೊಂಡು ಹೋಗುವವರು, ಊಟದ ಡಬ್ಬಿಯಲ್ಲಿ ಕೂತ ಧನಿಕರು, ಅಡುಗೆಯವರು, ಸೈನಿಕರು, ಒಬ್ಬೊಬ್ಬರಾಗಿ ಬಂದು ತಮ್ಮ ಪಾಲನ್ನು ಹೇಳಿ ಹೋಗುತ್ತಾರೆ. ಇದನ್ನು ಕಾವ್ಯವೆನ್ನಬೇಕೋ ಕಾದಂಬರಿಯೆನ್ನಬೇಕೋ ಎಂಬ ಚರ್ಚೆ ಅಂದಿನಿಂದ ನಡೆದಿದೆ.

ಪ್ರಭಾವ ಹರಿದ ದಿಕ್ಕನ್ನು ನೋಡಿದರೆ ಆ ಚರ್ಚೆಗೆ ಅರ್ಥ ಬರುತ್ತದೆ. ಬುರ್ಸಾ ಜೈಲಿನಲ್ಲಿ ಹಿಕ್ಮತ್ ಜೊತೆಗೆ ಪದ್ಯ ಬರೆಯುವ ಒಬ್ಬ ಯುವಕ ಇದ್ದ. ಅವನ ಪದ್ಯಗಳನ್ನು ಕೇಳಿದ ಹಿಕ್ಮತ್, ಗದ್ಯವೇ ನಿನ್ನ ದಾರಿ ಎಂದು ಅವನನ್ನು ಕಥೆಯತ್ತ ತಿರುಗಿಸಿದ. ಆ ಯುವಕ ಓರ್ಹಾನ್ ಕೆಮಾಲ್, ಮುಂದೆ ಕೂಲಿಕಾರರ ಬದುಕನ್ನು ಬರೆದ ಟರ್ಕಿಯ ದೊಡ್ಡ ಕಾದಂಬರಿಕಾರ. ಯಶಾರ್ ಕೆಮಾಲ್‌ನ ದಾರಿಯೂ ಗಮನಿಸತಕ್ಕದ್ದು. 1955ರ ‘ಇಂಜೆ ಮೆಮೆದ್’ನಿಂದ ಲೋಕಪ್ರಸಿದ್ಧನಾದ ಆತನ ಮೊದಲ ಪುಸ್ತಕ ಕಾದಂಬರಿಯಾಗಿರಲಿಲ್ಲ, 1943ರಲ್ಲಿ ಹೊರಬಂದ ಜನಪದ ಶೋಕಗೀತೆಗಳ ಸಂಗ್ರಹವಾಗಿತ್ತು. ಹಾಡಿನಿಂದ ಕಾದಂಬರಿಗೆ ಹೋಗುವ ದಾರಿ ಅಲ್ಲಿ ಒಬ್ಬಿಬ್ಬರದಲ್ಲ. ಇದಕ್ಕೆ ಕಾರಣವೂ ಇದೆ. ಚಿಕ್ಕ ಭಾವಗೀತೆ ಒಂದೇ ಮನಸ್ಸಿನದು. ಅದನ್ನು ಮೆಚ್ಚಿದವನು ಅಂಥದೇ ಇನ್ನೊಂದು ಭಾವಗೀತೆ ಬರೆಯುತ್ತಾನೆ. ನೂರು ಜನ ಮಾತಾಡುವ ದೊಡ್ಡ ಕಥನ ಆ ನೂರು ಜನರನ್ನು ಒಟ್ಟಿಗೆ ಕೂರಿಸುವ ಬಗೆಯನ್ನು ಕಲಿಸುತ್ತದೆ. ಆ ವಿದ್ಯೆ ಬೇಕಾಗುವುದು ಕಾದಂಬರಿಕಾರನಿಗೆ, ನಾಟಕಕಾರನಿಗೆ.

ಈಗ ಕಾವೇರಿಯ ಈಚೆ ದಡಕ್ಕೆ ಬರೋಣ. ಕೊಳ್ಳೇಗಾಲ 1956ರ ರಾಜ್ಯ ಪುನರ್ವಿಂಗಡಣೆಯವರೆಗೆ ಮದ್ರಾಸ್ ಪ್ರಾಂತ್ಯದ ಕೊಯಮತ್ತೂರು ಜಿಲ್ಲೆಯಲ್ಲಿತ್ತು. ಆಮೇಲೆ ಮೈಸೂರು ಜಿಲ್ಲೆಗೆ ಸೇರಿತು, 1997ರಿಂದ ಚಾಮರಾಜನಗರ ಜಿಲ್ಲೆಯಲ್ಲಿದೆ. ಹನೂರು ತೀರ ಈಚೆಗೆ ಪ್ರತ್ಯೇಕ ತಾಲ್ಲೂಕಾಯಿತು. ಆಧುನಿಕ ಕನ್ನಡ ಸಾಹಿತ್ಯದ ಚರ್ಚೆ ಮೈಸೂರು, ಬೆಂಗಳೂರು, ಧಾರವಾಡಗಳಲ್ಲಿ ರೂಪುಗೊಳ್ಳುತ್ತಿದ್ದ ಕಾಲದಲ್ಲಿ ಕೊಳ್ಳೇಗಾಲದ ಈ ಸೀಮೆ ಇನ್ನೊಂದು ಆಡಳಿತದ ಅಂಚಿನಲ್ಲಿ ಬಿದ್ದಿತ್ತು. ಇಲ್ಲಿನ ಕಾವ್ಯ ವಿದ್ವಾಂಸರ ಕಣ್ಣಿಗೆ ತಡವಾಗಿ ಬೀಳಲು ಇದೂ ಒಂದು ಕಾರಣವಿರಬೇಕು. 1970ರ ದಶಕದಲ್ಲಿ ಪಿ.ಕೆ. ರಾಜಶೇಖರ ಅವರು ಮಾದೇಶ್ವರ ಕಾವ್ಯವನ್ನು ಸಂಗ್ರಹಿಸಿ ಅಚ್ಚಿಗೆ ತಂದರು. 1990ರ ದಶಕದಲ್ಲಿ ಹಂಪಿಯ ಕನ್ನಡ ವಿಶ್ವವಿದ್ಯಾಲಯ ಹಿ.ಚಿ. ಬೋರಲಿಂಗಯ್ಯ ಅವರ ಸಂಪಾದಕತ್ವದಲ್ಲಿ ಮಂಟೇಸ್ವಾಮಿ ಕಾವ್ಯವನ್ನು ಪ್ರಕಟಿಸಿತು. ಹೆಬ್ಬಣಿ ಮಾದಯ್ಯ ಮತ್ತು ತಂಡದವರು ಹಾಡಿ, ಕೆ. ಕೇಶವನ್ ಪ್ರಸಾದ್ ಅವರು ಸಂಗ್ರಹಿಸಿದ ಮಾದೇಶ್ವರ ಕಾವ್ಯ ಸಿ.ಎನ್. ರಾಮಚಂದ್ರನ್ ಮತ್ತು ಎಲ್.ಎನ್. ಭಟ್ ಅವರ ಇಂಗ್ಲಿಷ್ ಅನುವಾದದಲ್ಲಿ 2001ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿಯಿಂದ ಹೊರಬಂತು. ಹಾಡುವವರು ತಮ್ಮ ಕಾವ್ಯವನ್ನು ಸಾಲುಗಳಾಗಿ ವಿಂಗಡಿಸಿಕೊಳ್ಳುತ್ತಾರೆ: ಕಲ್ಯಾಣದ ಸಾಲು, ಕೆಂಪಾಚಾರಿ ಸಾಲು, ಸಂಕಮ್ಮನ ಸಾಲು, ಶ್ರವಣ ದೊರೆಯ ಸಾಲು, ಹೀಗೆ. ಒಂದೊಂದು ಸಾಲೂ ಒಂದು ರಾತ್ರಿಗೆ ಸಾಕಾಗುವಷ್ಟು ದೊಡ್ಡದು. ತಂಬೂರಿ, ಗಗ್ಗರ, ತಾಳ ಹಿಡಿದ ನೀಲಗಾರ, ಕಂಸಾಳೆ ಹಿಡಿದ ದೇವರಗುಡ್ಡ ಹಾಡುತ್ತ ಹಾಡುತ್ತ ಮಾತಿಗಿಳಿಯುತ್ತಾನೆ, ಮಾತಾಡುತ್ತ ಮತ್ತೆ ರಾಗಕ್ಕೇರುತ್ತಾನೆ. ಮಾದಪ್ಪನೆಂದೇ ಕರೆಯುವ ಮಾದೇಶ್ವರನಾಗಿ ಗದರುತ್ತಾನೆ, ಮರುಕ್ಷಣ ಅವನ ಮುಂದೆ ನಿಂತ ಹೆಂಗಸಾಗಿ ಎದುರಾಡುತ್ತಾನೆ. ಹಿಮ್ಮೇಳದವರು ನಡುವೆ ಪ್ರಶ್ನೆ ಹಾಕುತ್ತಾರೆ. ಗದ್ಯವೂ ಪದ್ಯವೂ ಒಂದೇ ಉಸಿರಿನಲ್ಲಿ ಬರುವ, ಹತ್ತು ಬಾಯಿ ಒಂದೇ ಗಂಟಲಿನಲ್ಲಿ ಮಾತಾಡುವ ಈ ರೀತಿಯನ್ನು ಹಿಕ್ಮತ್ ಕಷ್ಟಪಟ್ಟು ಕಂಡುಕೊಂಡ. ಇಲ್ಲಿನ ಹಾಡುಗಾರರಿಗೆ ಅದು ಗುರುಮನೆಯಲ್ಲಿ ಕಲಿತ ವಿದ್ಯೆ.

ಕಲ್ಯಾಣದ ಸಾಲನ್ನೇ ತೆಗೆದುಕೊಳ್ಳಿ. ಲಕ್ಷದ ಮೇಲೆ ತೊಂಬತ್ತಾರು ಸಾವಿರ ಜಂಗಮರಿಗೆ ದಾಸೋಹ ನಡೆಯುವ ಬಸವಣ್ಣನ ಕಲ್ಯಾಣಕ್ಕೆ ಮಂಟೇಸ್ವಾಮಿ ಬರುತ್ತಾನೆ. ಬರುವುದು ಹೇಸಿಕೆ ಹುಟ್ಟಿಸುವ ರೂಪದಲ್ಲಿ, ಮೈಯೆಲ್ಲ ನಾರುತ್ತ, ಕುಲಗೆಟ್ಟವನೆಂದು ಎಲ್ಲರೂ ದೂರ ಸರಿಯುವಂತೆ. ಬಾಗಿಲು ಕಾಯುವವರು ಒಳಗೆ ಬಿಡುವುದಿಲ್ಲ. ಅವನು ತಿಪ್ಪೆಯ ಮೇಲೆ ಕೂರುತ್ತಾನೆ. ಹಾಡುವವರಿಂದ ಹಾಡುವವರಿಗೆ ವಿವರ ಬದಲಾಗುತ್ತದೆ, ನೆಲೆ ಬದಲಾಗುವುದಿಲ್ಲ. ಜಾತಿಯನ್ನು ಮೀರಿ ನಿಂತೆವು ಎಂದ ಊರಿನ ಬಾಗಿಲಲ್ಲಿ, ತಿಪ್ಪೆಯ ಮೇಲೆ ಕೂತು, ಒಳಗಿರುವವರನ್ನು ಪರೀಕ್ಷೆ ಮಾಡುವ ಕಾವ್ಯ ಇದು. ಬಸವಣ್ಣನನ್ನು ಇದು ತಿರಸ್ಕರಿಸುವುದಿಲ್ಲ. ಬಸವಣ್ಣ ನೀಲಮ್ಮರಿಗೆ ಇಲ್ಲಿ ಗೌರವದ ಜಾಗವಿದೆ, ಕೊನೆಗೆ ಬಂದವನ ನಿಜವನ್ನು ಅರಿಯುವವರೂ ಅವರೇ. ಆದರೆ ಒಂದು ಸಮತೆಯ ಚಳವಳಿಯನ್ನು ಅದರ ಹೊರಗೆ ಉಳಿದವರು ಹೇಗೆ ನೋಡಿದರು ಎಂಬುದನ್ನು ಇಷ್ಟು ನಿಷ್ಠುರವಾಗಿ, ಇಷ್ಟು ಪ್ರೀತಿಯಿಂದ ಹೇಳಿದ ಇನ್ನೊಂದು ಕೃತಿ ಕನ್ನಡದಲ್ಲಿ ಅಪರೂಪ. ಇದನ್ನು ಹಾಡುತ್ತ ಬಂದವರು ಹಲವು ಜಾತಿಗಳವರು, ಅವರಲ್ಲಿ ಹೆಚ್ಚಿನವರು ದಲಿತರು ಎಂಬುದು ಈ ದೃಷ್ಟಿಯ ಹಿಂದಿರುವ ಸತ್ಯ. ಹಿಕ್ಮತ್ ಪ್ರಾಧ್ಯಾಪಕನ ಪುಸ್ತಕಕ್ಕೆ ಉತ್ತರವಾಗಿ ಹಳ್ಳಿಗನ ಕಥೆಯನ್ನು ಇಟ್ಟಂತೆ, ನೀಲಗಾರರು ಶರಣರ ಚರಿತ್ರೆಗಳಿಗೆ ಎದುರಾಗಿ ತಿಪ್ಪೆಯ ಮೇಲಿನಿಂದ ಕಂಡ ಕಲ್ಯಾಣವನ್ನು ಇಟ್ಟರು.

ಸಂಕಮ್ಮನ ಸಾಲಿನ ಬಗ್ಗೆ ಸ್ವಲ್ಪ ಹೆಚ್ಚು ಹೇಳಬೇಕು. ಸೋಲಿಗರ ನೀಲೇಗೌಡ ಜೇನು ತರಲು ಕಾಡಿಗೆ ಹೋಗಬೇಕು. ಹೋಗುವ ಮೊದಲು ಹೆಂಡತಿಯನ್ನು ನಂಬದೆ, ತಾನು ಬರುವವರೆಗೆ ಪತಿವ್ರತೆಯಾಗಿರುತ್ತೇನೆಂದು ಬಲಗೈ ಭಾಷೆ ಕೊಡು ಎನ್ನುತ್ತಾನೆ. ಸಂಕಮ್ಮ ಒಪ್ಪುವುದಿಲ್ಲ. ಕೈಹಿಡಿದು ಬಂದವಳ ಮೇಲೆ ಅನುಮಾನ ಪಟ್ಟು ಆಣೆ ಕೇಳುವುದೇ ಅವಳಿಗೆ ಅವಮಾನ. ಅವನು ಹಿಂಸಿಸುತ್ತಾನೆ, ಅವಳು ಬಾಗುವುದಿಲ್ಲ. ಅವಳ ಮೊರೆ ಕೇಳಿ ಬಂದ ಮಾದೇಶ್ವರ ಅವಳ ಪಕ್ಷ ನಿಲ್ಲುತ್ತಾನೆ, ಕಾರಯ್ಯ ಬಿಲ್ಲಯ್ಯ ಎಂಬ ಅವಳಿ ಮಕ್ಕಳ ವರ ಕೊಡುತ್ತಾನೆ. ಈಗ ಯಳಂದೂರಿನ ಕಡೆ ತಿರುಗಿ. ಮೈಸೂರಿನ ಚಿಕ್ಕದೇವರಾಜನ (ಆಳ್ವಿಕೆ 1673–1704) ಅರಮನೆಯಲ್ಲಿ ಸಂಚಿ ಹಿಡಿಯುತ್ತಿದ್ದ ಹೊನ್ನಮ್ಮ ಯಳಂದೂರಿನವಳು. ಅವಳ ‘ಹದಿಬದೆಯ ಧರ್ಮ’ ಸಾಂಗತ್ಯದಲ್ಲಿ ಪತಿವ್ರತೆಯ ನಡೆಯನ್ನು ಹೇಳುವ ಕೃತಿ. ಹೆಣ್ಣುಮಗುವನ್ನು ಕೀಳಾಗಿ ಕಾಣುವವರನ್ನು ಅವಳು ಅದೇ ಕೃತಿಯಲ್ಲಿ ಖಾರವಾಗಿ ಪ್ರಶ್ನಿಸಿದ್ದಾಳೆ, ಆ ಭಾಗ ಕನ್ನಡಿಗರಿಗೆಲ್ಲ ಪರಿಚಿತ. ಆದರೆ ಪ್ರಶ್ನೆ ಬರುವುದು ಉಪದೇಶದ ಚೌಕಟ್ಟಿನ ಒಳಗೆ. ಇದೇ ಸೀಮೆಯ ಬೆಟ್ಟಸಾಲಿನಲ್ಲಿ ಹಾಡುಗಾರರು ಪಾತಿವ್ರತ್ಯದ ಆಣೆಯನ್ನೇ ನಿರಾಕರಿಸಿದ ಹೆಂಗಸನ್ನು ಕಟ್ಟಿ ನಿಲ್ಲಿಸಿದ್ದಾರೆ. ಹೊನ್ನಮ್ಮ ಹೇಳಬೇಕಾದದ್ದನ್ನು ತಾನೇ ಹೇಳಿದಳು, ಅದು ಅವಳ ಹೆಗ್ಗಳಿಕೆ. ದೇವರಗುಡ್ಡರ ಕಾವ್ಯ ಸಂಕಮ್ಮನಿಗೆ ಬಾಯಿ ಕೊಟ್ಟು, ನೀಲೇಗೌಡನಿಗೂ ಬಾಯಿ ಕೊಟ್ಟು, ಕೇಳುವವರ ಮುಂದೆ ಇಬ್ಬರನ್ನೂ ವಾದಕ್ಕೆ ಬಿಡುತ್ತದೆ. ನಾಟಕದ ಬೀಜ ಇರುವುದು ಇಲ್ಲಿ, ಕಾದಂಬರಿಯ ಬೀಜವೂ ಇಲ್ಲೇ.

ಆ ಬೀಜ ಮೊಳೆತದ್ದಕ್ಕೆ ಸಾಕ್ಷಿಗಳು ಮುದ್ರಿತ ಸಾಹಿತ್ಯದಲ್ಲೇ ಇವೆ. ನವ್ಯದ ಕಾಲದಲ್ಲಿ ಕನ್ನಡದ ದೀರ್ಘಕವಿತೆ ಎಲಿಯಟ್‌ನ ಕಡೆ ನೋಡಿತು. ಗೋಪಾಲಕೃಷ್ಣ ಅಡಿಗರ 1959ರ ‘ಭೂಮಿಗೀತ’ ಆ ಹಾದಿಯ ದೊಡ್ಡ ಸಾಧನೆ, ಅದನ್ನು ಕಡಿಮೆ ಮಾಡಿ ಹೇಳುವ ಅಗತ್ಯವಿಲ್ಲ. ಉತ್ತರ ಕರ್ನಾಟಕದ ಲಾವಣಿಯ ಧಾಟಿಯನ್ನು ಹಿಡಿದು ಚಂದ್ರಶೇಖರ ಕಂಬಾರರು 1964ರಲ್ಲಿ ‘ಹೇಳತೇನ ಕೇಳ’ ಬರೆದರು, ಅಲ್ಲಿಂದ ಅವರ ನಾಟಕಗಳು ಹೊಮ್ಮಿದವು. ಕಥನದ ಹಾಡು ರಂಗಕ್ಕೆ ಹರಿಯುತ್ತದೆ ಎಂಬ ಮಾತಿಗೆ ಅದೂ ಪುಷ್ಟಿ. ದಕ್ಷಿಣದಲ್ಲಿ ಇದು ಬಲವಾಗಿ ಕಂಡದ್ದು ದೇವನೂರ ಮಹಾದೇವ ಅವರ ‘ಕುಸುಮಬಾಲೆ’ಯಲ್ಲಿ (1984). ನಂಜನಗೂಡು ಸೀಮೆಯ ಆಡುಮಾತಿನಲ್ಲಿ ಬರೆದ ಈ ಕಾದಂಬರಿ 1990ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಪಡೆಯಿತು. ಅದರಲ್ಲಿ ಮನೆಮನೆಯ ದೀಪದ ಜೋತಮ್ಮಗಳು ರಾತ್ರಿ ಸೇರಿ ಮಾತಾಡುತ್ತವೆ, ಮಂಚ ತಾನು ಕಂಡದ್ದನ್ನು ಹೇಳುತ್ತದೆ, ಗದ್ಯ ಒಮ್ಮೆಲೇ ಹಾಡಿನ ನಡೆಗೆ ಬರುತ್ತದೆ. ಕಥೆಗಾರ ಹಿಂದೆ ಸರಿದು ಒಬ್ಬೊಬ್ಬರಿಗೆ ಮಾತು ಬಿಟ್ಟುಕೊಡುತ್ತಾನೆ, ಕೊಲೆಯಂಥ ಘೋರವನ್ನೂ ಊರಿನ ಹತ್ತು ಬಾಯಿಗಳ ಮೂಲಕವೇ ನಾವು ತಿಳಿಯುತ್ತೇವೆ. ಎಚ್.ಎಸ್. ಶಿವಪ್ರಕಾಶ್ ಅವರ ‘ಮಂಟೇಸ್ವಾಮಿ ಕಥಾಪ್ರಸಂಗ’ ನೇರವಾಗಿಯೇ ನೀಲಗಾರರ ಕಾವ್ಯದಿಂದ ಬಂದ ನಾಟಕ. ಕವಿಯಾಗಿ ಹೆಸರು ಮಾಡಿದವರು ಮಂಟೇಸ್ವಾಮಿಯ ಕಡೆ ಬಂದಾಗ ರಂಗಭೂಮಿಯನ್ನು ಆರಿಸಿಕೊಂಡದ್ದು ಆಕಸ್ಮಿಕವಲ್ಲ ಎಂದೇ ನನ್ನ ನಂಬಿಕೆ. ಆ ಕಾವ್ಯ ಒಬ್ಬರ ದನಿಯೊಳಗೆ ಹಿಡಿಸುವಂಥದಲ್ಲ. ಹನೂರು ತಾಲ್ಲೂಕಿನ ಪೊನ್ನಾಚಿಯಿಂದ ಬಂದ ಸ್ವಾಮಿ ಪೊನ್ನಾಚಿ ಅವರಿಗೆ 2020ರ ಕೇಂದ್ರ ಸಾಹಿತ್ಯ ಅಕಾಡೆಮಿ ಯುವ ಪುರಸ್ಕಾರ ದೊರೆತದ್ದು ‘ಧೂಪದ ಮಕ್ಕಳು’ ಎಂಬ ಕಥಾಸಂಕಲನಕ್ಕೆ. ಮಾದಪ್ಪನ ಬೆಟ್ಟದ ಸೀಮೆಯ ಬದುಕು ಈ ತಲೆಮಾರಿನಲ್ಲೂ ಗದ್ಯದಲ್ಲೇ ದನಿ ಪಡೆಯುತ್ತಿದೆ.

ನನ್ನ ಈ ವಾದಕ್ಕೆ ಆಕ್ಷೇಪಗಳಿವೆ, ಅವು ಹಗುರವಾದವಲ್ಲ. ಮೊದಲನೆಯದು: ಹಿಕ್ಮತ್ ಕಮ್ಯುನಿಸ್ಟ್, ದೇವರನ್ನು ನಂಬದವನು, ನೀಲಗಾರರು ಗುರುವಿಗೆ ಒಕ್ಕಲಾದ ಭಕ್ತರು, ಇವರನ್ನು ಒಂದೇ ಪಂಕ್ತಿಯಲ್ಲಿ ಕೂರಿಸುವುದು ಎರಡು ಕಡೆಗೂ ಅನ್ಯಾಯ. ನಂಬಿಕೆಯಲ್ಲಿ ಇವರು ಬೇರೆ ಎಂಬುದು ನಿಜ. ಆದರೆ ಹಿಕ್ಮತ್‌ನ ಕಾವ್ಯ ಮೇಲಕ್ಕೆದ್ದದ್ದೇ ಅವನು ಭಕ್ತರ ನಂಬಿಕೆಗೆ ಕಿವಿಗೊಟ್ಟಾಗ ಎಂಬುದನ್ನು ಬೆದ್ರೆದ್ದೀನನ ಕಥನ ತೋರಿಸುತ್ತದೆ. ಕರ್ನಾಟಕದಲ್ಲೂ ಇಂಥದೇ ನಡೆ ಇದೆ. 1975ರಲ್ಲಿ ‘ಹೊಲೆಮಾದಿಗರ ಹಾಡು’ ಎಂಬ ಕಿಚ್ಚಿನಂಥ ಸಂಕಲನ ಕೊಟ್ಟ ಸಿದ್ಧಲಿಂಗಯ್ಯ ಅವರು ಮುಂದೆ ‘ಅವತಾರಗಳು’ ಬರೆದರು, ಗ್ರಾಮದೇವತೆಗಳ ಮೇಲೆ ಸಂಶೋಧನೆ ಮಾಡಿದರು. ಅದೂ ಗದ್ಯದಲ್ಲೇ. ಹೋರಾಟದ ಕವಿ ದೇವರುಗಳ ಕಡೆ ತಿರುಗಿದ್ದನ್ನು ಕೆಲವರು ಹಿಂಜರಿಕೆ ಎಂದರು. ತನ್ನ ಜನ ನೂರಾರು ವರ್ಷ ಯಾವ ಮಾತಿನಲ್ಲಿ ಸಿಟ್ಟು, ಸಂಕಟ, ಆಸೆಗಳನ್ನು ಕಾಪಾಡಿಕೊಂಡರು ಎಂದು ತಿಳಿಯಹೊರಟದ್ದನ್ನು ಹಿಂಜರಿಕೆ ಎನ್ನಲಾಗದು.

ಎರಡನೆಯ ಆಕ್ಷೇಪ ಇನ್ನೂ ಗಟ್ಟಿಯಾದದ್ದು. ಈ ಕಾವ್ಯಗಳಲ್ಲಿ ಕ್ರೌರ್ಯವಿದೆ. ಪಾಂಚಾಳರ ಹುಡುಗ ಕೆಂಪಾಚಾರಿಯನ್ನು ಶಿಷ್ಯನಾಗಿ ಪಡೆಯಲು ಮಂಟೇಸ್ವಾಮಿ ಆ ಮನೆಯವರಿಗೆ ಕೊಡುವ ಕಷ್ಟ ಸಣ್ಣದಲ್ಲ. ಆ ಹುಡುಗನೇ ಮುಂದೆ ಸಿದ್ದಪ್ಪಾಜಿಯಾಗಿ ಹಲಗೂರಿನ ಪಾಂಚಾಳರಲ್ಲಿ ಕಬ್ಬಿಣದ ಭಿಕ್ಷೆ ಬೇಡಿ, ವಿಷದಂಥ ಪರೀಕ್ಷೆಗಳನ್ನು ಗೆದ್ದು ಬರುತ್ತಾನೆ. ಮಾದೇಶ್ವರ ಶ್ರವಣ ದೊರೆಯನ್ನು ಕೊಲ್ಲುವುದು ಉಪಾಯದಿಂದ. ಒಕ್ಕಲಾಗದವರನ್ನು ಬಗ್ಗಿಸುವ ಪವಾಡಗಳು ಬೇಕಾದಷ್ಟಿವೆ. ಇದನ್ನೆಲ್ಲ ಮುಚ್ಚಿ ಈ ಕಾವ್ಯಗಳನ್ನು ಸಮತೆಯ ಸಂದೇಶವೆಂದು ಮಾತ್ರ ಹೊಗಳುವುದು ತಪ್ಪು, ನಮ್ಮ ಸಭೆಗಳಲ್ಲಿ ಆ ತಪ್ಪು ಬೇಕಾದಷ್ಟು ನಡೆದಿದೆ. ಆದರೆ ಕೆಂಪಾಚಾರಿಯ ತಾಯಿತಂದೆಯರ ಗೋಳನ್ನು ಹಾಡುಗಾರರು ಅವಸರದಲ್ಲಿ ದಾಟುವುದಿಲ್ಲ, ನಿಂತು ಹಾಡುತ್ತಾರೆ. ಗುರುವಿನ ಮಹಿಮೆಯನ್ನು ಸಾರುವ ಕಾವ್ಯವೇ ಆ ಮಹಿಮೆಗೆ ಬೆಲೆ ತೆತ್ತವರ ಅಳಲನ್ನೂ ಕೇಳಿಸುತ್ತದೆ. ಎದುರು ದನಿಯನ್ನು ಉಳಿಸಿಕೊಳ್ಳುವ ಈ ಗುಣವನ್ನೇ ನಾನು ರೂಪದ ಕೊಡುಗೆ ಎನ್ನುತ್ತಿರುವುದು. ಪ್ರಭಾವಕ್ಕೆ ಒಳಗಾದ ಆಧುನಿಕ ಲೇಖಕ ಪವಾಡವನ್ನು ತೆಗೆದುಕೊಳ್ಳಬೇಕಾಗಿಲ್ಲ, ಈ ಬಿಟ್ಟುಕೊಡುವ ವಿದ್ಯೆಯನ್ನು ತೆಗೆದುಕೊಂಡರೆ ಸಾಕು.

‘ಕುಸುಮಬಾಲೆ’ಯ ವಿಚಾರದಲ್ಲಿ ಇನ್ನೊಂದು ಪ್ರಶ್ನೆ ಏಳುತ್ತದೆ. ಆ ಕೃತಿಯ ಶಕ್ತಿಗೆ ಅಲ್ಲಿನ ಆಡುಮಾತೇ ಸಾಕಲ್ಲ, ಅದಕ್ಕೆ ನೀಲಗಾರರನ್ನು ಯಾಕೆ ಎಳೆದು ತರಬೇಕು? ಆಡುಮಾತಿನಲ್ಲಿ ಬರೆದ ಕಾದಂಬರಿಗಳು ಕನ್ನಡದಲ್ಲಿ ಹಲವಾರಿವೆ. ಅವುಗಳಲ್ಲಿ ಬಹುಪಾಲು ನಿರೂಪಣೆಯನ್ನು ಒಬ್ಬನ ಕೈಯಲ್ಲಿ ಇಟ್ಟುಕೊಂಡು, ಸಂಭಾಷಣೆಯನ್ನಷ್ಟೇ ಆಡುಮಾತಿಗೆ ಬಿಡುತ್ತವೆ. ದೀಪ, ಮಂಚ, ಸತ್ತವರು, ಬದುಕಿರುವವರು ಎಲ್ಲರೂ ಸರಿಸಮವಾಗಿ ಕಥೆ ಹೇಳುವ ಏರ್ಪಾಡು ಆಡುಮಾತಿನಿಂದ ತಾನಾಗಿ ಹುಟ್ಟುವುದಿಲ್ಲ, ಅದು ರಾತ್ರಿಯಿಡೀ ಹಾಡುವ ಕಥನದ ಏರ್ಪಾಡು. ಒಂದೊಂದು ಪುಟವನ್ನೂ ಒಂದೊಂದು ಸಾಲಿಗೆ ಗಂಟುಹಾಕಿ ತೋರಿಸುವುದು ಬೇಡ. ಹಳೇ ಮೈಸೂರಿನ ಈ ದಕ್ಷಿಣ ಮೂಲೆಯಲ್ಲಿ ಬೆಳೆದ ಕಿವಿಗೆ ಆ ಏರ್ಪಾಡು ಮೊದಲೇ ಗೊತ್ತಿತ್ತು ಎಂದರೆ ಸಾಕು.

ಕರ್ತೃವಿಲ್ಲದ ಕಾವ್ಯಕ್ಕೆ ಸಾಹಿತ್ಯಕ ಪ್ರಭಾವ ಎಂಬ ಮಾತು ಸಲ್ಲುತ್ತದೆಯೇ ಎಂದು ಕೇಳುವವರೂ ಇದ್ದಾರೆ. ಹಿಕ್ಮತ್‌ಗೆ ಹೆಸರಿದೆ, ಜೈಲಿನ ದಾಖಲೆಯಿದೆ, ಪುಸ್ತಕಗಳ ವರ್ಷವಿದೆ. ನೀಲಗಾರರದು ಸಮುದಾಯದ ಸ್ವತ್ತು ಎನ್ನುತ್ತಾರೆ. ಸಮುದಾಯದ ಸ್ವತ್ತು ಎಂಬ ಮಾತು ಗೌರವದಂತೆ ಕೇಳಿಸಿದರೂ ಹಾಡುಗಾರನಿಗೆ ನಷ್ಟ ಮಾಡಿದೆ. ಒಂದು ಸಾಲನ್ನು ಹಿಗ್ಗಿಸಿ, ಇನ್ನೊಂದನ್ನು ಕುಗ್ಗಿಸಿ, ಎದುರಿಗೆ ಕೂತವರನ್ನು ನೋಡಿ ಮಾತು ಕಟ್ಟುವವನು ಕವಿಯೇ. ಯಳಂದೂರಿನಲ್ಲಿ ನೆಲೆಸಿ ‘ರಾಜಶೇಖರ ವಿಳಾಸ’ದಂಥ ಚಂಪೂಕಾವ್ಯ ಬರೆದ ಹದಿನೇಳನೆಯ ಶತಮಾನದ ಷಡಕ್ಷರಿಯೂ ಪರಂಪರೆಯಿಂದ ಬಂದ ಕಥೆಯನ್ನೇ ತೆಗೆದುಕೊಂಡ. ಅವನನ್ನು ಕವಿ ಎನ್ನಲು ನಾವು ಹಿಂಜರಿಯುವುದಿಲ್ಲ. ಅದೇ ಅಳತೆಯನ್ನು ಹೆಬ್ಬಣಿ ಮಾದಯ್ಯ ಅವರಂಥವರಿಗೂ ಇಡಬೇಕು. ಸಂಪಾದಕರ ಹೆಸರು ಮುಖಪುಟದಲ್ಲಿ, ಹಾಡಿದವರ ಹೆಸರು ಒಳಪುಟದಲ್ಲಿ ಎಂಬ ಪದ್ಧತಿ ಇನ್ನು ಸಾಕು.

ಪುಷ್ಯ ಮಾಸದ ಹುಣ್ಣಿಮೆಗೆ, ಜನವರಿಯ ಸುಮಾರಿಗೆ, ಇದೇ ಸೀಮೆಯ ಚಿಕ್ಕಲ್ಲೂರಿನ ಸಿದ್ದಪ್ಪಾಜಿ ಜಾತ್ರೆ ಚಂದ್ರಮಂಡಲೋತ್ಸವದೊಂದಿಗೆ ಶುರುವಾಗಿ ಐದು ದಿನ ನಡೆಯುತ್ತದೆ. ಹೊಸ ನೀಲಗಾರರಿಗೆ ದೀಕ್ಷೆ ಆಗುವುದು ಅಲ್ಲಿಯೇ. ಈಚಿನ ವರ್ಷಗಳಲ್ಲಿ ಪತ್ರಿಕೆಗಳಲ್ಲಿ ಈ ಜಾತ್ರೆಯ ಸುದ್ದಿ ಬರುವುದು ಹೆಚ್ಚಾಗಿ ಪ್ರಾಣಿಬಲಿ ಮತ್ತು ಪಂಕ್ತಿಸೇವೆಯ ವಿವಾದದ ಕಾರಣಕ್ಕೆ, ಕಾವ್ಯದ ಕಾರಣಕ್ಕಲ್ಲ. ಇನ್ನೊಂದು ಕಡೆ ಕ್ಯಾಸೆಟ್ ಕಾಲದಿಂದ ಇಂದಿನ ಮೊಬೈಲ್‌ವರೆಗೆ ಮಾದಪ್ಪನ ಹಾಡುಗಳು ಎಲ್ಲೆಡೆ ಕೇಳುತ್ತಿವೆಯಾದರೂ ಅವು ನಾಲ್ಕೈದು ನಿಮಿಷದ ಭಕ್ತಿಗೀತೆಗಳು. ಹಿಕ್ಮತ್‌ನ ಚಿಕ್ಕ ಕವಿತೆಗಳಷ್ಟನ್ನೇ ಓದಿದವರಿಗೆ ಅವನ ಅರ್ಧ ಕವಿತ್ವ ಸಿಗದೆ ಹೋದಂತೆ, ಈ ಗೀತೆಗಳಷ್ಟನ್ನೇ ಕೇಳಿದವರಿಗೆ ಸಂಕಮ್ಮ ಸಿಗುವುದಿಲ್ಲ, ತಿಪ್ಪೆಯ ಮೇಲಿನ ಮಂಟೇಸ್ವಾಮಿಯೂ ಸಿಗುವುದಿಲ್ಲ. ಇಡೀ ಸಾಲನ್ನು ಬಲ್ಲವರು ವಯಸ್ಸಾಗಿ ತೀರಿಕೊಳ್ಳುತ್ತಿದ್ದಾರೆ. ಹಾಗಾಗಿ ಮೈಸೂರು, ಹಂಪಿ ಮತ್ತು ಚಾಮರಾಜನಗರದ ವಿಶ್ವವಿದ್ಯಾಲಯಗಳಲ್ಲಿ, ಅಕಾಡೆಮಿಗಳಲ್ಲಿ ಕೂತವರನ್ನು ಕೇಳುವುದಿಷ್ಟು. ಇಡೀ ಸಾಲುಗಳನ್ನು ಹಾಡಿದ ರೀತಿಯಲ್ಲೇ, ಹಿಮ್ಮೇಳದವರ ಪ್ರಶ್ನೆಯನ್ನೂ ಬಿಡದೆ ಧ್ವನಿಮುದ್ರಿಸಿ. ಹಾಡಿದವರ ಹೆಸರನ್ನು ಕವಿಯ ಜಾಗದಲ್ಲಿ ಅಚ್ಚು ಹಾಕಿ, ಗೌರವಧನವನ್ನು ಅವರ ಕೈಗೆ ಮುಟ್ಟಿಸಿ. ಕೊಳ್ಳೇಗಾಲ, ಹನೂರು, ಯಳಂದೂರಿನ ಕಾಲೇಜುಗಳ ಕನ್ನಡ ತರಗತಿಗಳಲ್ಲಿ ಷಡಕ್ಷರಿ, ಹೊನ್ನಮ್ಮರ ಪಾಠದ ಜೊತೆಗೆ ಒಂದು ಸಾಲನ್ನಾದರೂ ಪೂರ್ತಿಯಾಗಿ, ಹಾಡುಗಾರರನ್ನೇ ಕರೆಸಿ ಕೇಳಿಸಿ. ಈ ಬರಹ ಓದಿದ ಯುವ ಕಥೆಗಾರರು ಮುಂದಿನ ಚಿಕ್ಕಲ್ಲೂರು ಜಾತ್ರೆಗೆ ಹೋಗಲಿ, ಒಂದು ಸಾಲು ಮುಗಿಯುವವರೆಗೆ ಎದ್ದು ಬರದೆ ಕೂತು ಕೇಳಲಿ.